ತೂಕದ ದಿನ

— ಇಲ್ಲಿ, ಇಲ್ಲಿ! ಕಲ್ಯಾಣದಲ್ಲೇ ಹತ್ತಿ ನಿನಗೆ ಕಿಟಕಿ ಸೀಟು ಹಿಡಿದಿಟ್ಟಿದ್ದೇನೆ. ಭಾನುವಾರ ಆದದ್ದಕ್ಕೆ ಸಿಕ್ಕಿತು. ಬ್ಯಾಗ್ ಕೊಡು, ಮೇಲೆ ಇಡ್ತೇನೆ.

— ಬೇಡ ಮಾವ, ಭಾರ ಉಂಟು. 9 ಕಿಲೊ. ಕಾಲಡಿಯಲ್ಲೇ ಇರಲಿ.

— 9 ಕಿಲೊ ಎಂತ ದೊಡ್ಡದು? ಇದೇ ಡೊಂಬಿವಲಿ ಸ್ಟೇಷನ್ನಿನಲ್ಲಿ ನಿನ್ನನ್ನು ಸೊಂಟದ ಮೇಲೆ, ನಿನ್ನ ಫ್ರಾಕುಗಳ ಚೀಲವನ್ನು ಹೆಗಲ ಮೇಲೆ ಹಾಕಿಕೊಂಡು ಲೋಕಲ್ ಹತ್ತಿದವ ನಾನು. ಇಪ್ಪತ್ತು ವರ್ಷ ಆಯಿತು, ಅಷ್ಟೇ. ಎಂತೆಲ್ಲ ತುಂಬಿಸಿದ್ದೀ ಇದರಲ್ಲಿ?

— ಶೂ, ಮಂಡಿಗೆ ಹಾಕುವ ಸ್ಲೀವ್, ಚಾಕ್, ಟವೆಲ್. ಬೆಲ್ಟೇ ಹೆಚ್ಚು ಭಾರ. ಮುಟ್ಟಿ ನೋಡಿ. 10 ಸೆಂಟಿಮೀಟರ್ ಅಗಲ, 13 ಮಿಲಿಮೀಟರ್ ದಪ್ಪ. ಅದಕ್ಕಿಂತ ಹೆಚ್ಚಿದ್ದರೆ ಭಾರ ಎತ್ತುವ ಸ್ಪರ್ಧೆಯ ನಿಯಮದಲ್ಲಿ ನಡೆಯುವುದಿಲ್ಲ.

— ಎಮ್ಮೆಯ ಬೆನ್ನಿನ ಹಾಗೆ ಉಂಟು. ಮತ್ತೆ ಇದು? ಪೌಡರ್ ಡಬ್ಬಿಯಾ?

— ಹೌದು, ಮಕ್ಕಳಿಗೆ ಹಚ್ಚುವ ಪೌಡರೇ. ಕೊನೆಯ ಸುತ್ತಿನಲ್ಲಿ ಬಾರನ್ನು ನೆಲದಿಂದ ಎತ್ತುವಾಗ ಅದು ತೊಡೆಗೆ ಉಜ್ಜಿಕೊಂಡೇ ಮೇಲೆ ಬರ್ತದೆ. ಪೌಡರ್ ಇದ್ದರೆ ಜಾರ್ತದೆ, ಇಲ್ಲದಿದ್ದರೆ ಚರ್ಮ ಕಿತ್ತುಕೊಂಡು ಬರ್ತದೆ. ಅಂಗೈಗೆ ಚಾಕ್, ತೊಡೆಗೆ ಪೌಡರ್. ಅಂಗೈಗೆ ಪೌಡರ್ ತಾಗಿದರೆ ಅವತ್ತಿನ ಕಥೆ ಮುಗಿಯಿತು.

— ನನಗೆ ಪೌಡರ್ ಅಂದ ಕೂಡಲೇ ನೀನು ಚಿಕ್ಕವಳಿದ್ದಾಗ ಧಾರಾವಾಹಿಯಲ್ಲಿ ಆಡ್ತಿದ್ದ ಕಾಲದ ಆ ಮೇಕಪ್ ರೂಮೇ ಕಣ್ಣಿಗೆ ಬರುವುದು. ಅವರು ಮುಖಕ್ಕೆ ಪಫ್ ಒತ್ತುವಾಗ ನೀನು ಕಣ್ಣು ಮುಚ್ಚಿ, ಉಸಿರು ಕಟ್ಟಿ, ಬೊಂಬೆಯ ಹಾಗೆ ಕೂತಿರ್ತಿದ್ದೆ.

— ಉಸಿರು ಕಟ್ಟುವುದು ಈಗಲೂ ಉಂಟು. ಬಾರ್ ಹೊತ್ತು ಕೂರುವ ಮೊದಲು ಹೊಟ್ಟೆ ತುಂಬ ಗಾಳಿ ಎಳೆದು ಬೆಲ್ಟಿಗೆ ಒತ್ತಿ ಹಿಡಿಯಬೇಕು. ಆಗ ಪೌಡರಿಗೆ ಕೆಮ್ಮು ಬರಬಾರದು ಅಂತ ಕಟ್ಟುತ್ತಿದ್ದೆ. ಈಗ ಬೆನ್ನು ಬಾಗಬಾರದು ಅಂತ.

— ಇಡ್ಲಿ ತಂದಿದ್ದೇನೆ. ಅತ್ತೆ ನಿನಗೆ ಅಂತಲೇ ಐದಕ್ಕೆ ಎದ್ದು ಬೇಯಿಸಿದ್ದು. ಬಿಸಿ ಆರುವ ಮೊದಲು ಎರಡು ತಿನ್ನು.

— ಈಗ ಬೇಡ ಮಾವ. ವಾಶಿಯಲ್ಲಿ ತೂಕ ಆಗಲಿ, ಆಮೇಲೆ ಡಬ್ಬಿ ಖಾಲಿ ಮಾಡಿ ಕೊಡ್ತೇನೆ. ನನ್ನದು 63 ಕಿಲೊ ವಿಭಾಗ. ಬೆಳಿಗ್ಗೆ ಮನೆಯಲ್ಲಿ ನೋಡಿದಾಗ 62.7 ಇತ್ತು. ಸ್ಪರ್ಧೆ ಸುರುವಾಗುವ ಎರಡು ಗಂಟೆ ಮೊದಲು ತೂಕ ನೋಡ್ತಾರೆ. ಅಲ್ಲಿವರೆಗೆ ಸ್ವಲ್ಪ ತಡೆದುಕೊಳ್ಳಬೇಕು.

— ಇದೇ, ಇದೇ ನನಗೆ ಸರಿ ಕಾಣದ್ದು. ಆಗಲೂ ಹೀಗೇ ಆಗಿತ್ತು. ಟಿಫಿನ್ ಬಿಚ್ಚಿದ ಕೂಡಲೇ ಯಾರಾದರೂ ಓಡಿ ಬಂದು ‘ಶಾಟ್ ಆಗಲಿ ಅಂಕಲ್, ಲಿಪ್‌ಸ್ಟಿಕ್ ಹೋಗ್ತದೆ’ ಅನ್ನುವುದು. ಎಷ್ಟು ದಿನ ಹುಳಿ ಬಂದ ಚಟ್ನಿಯನ್ನು ಹಾಗೇ ವಾಪಸು ತಂದು ನಿನ್ನ ಅಮ್ಮನ ಹತ್ತಿರ ಸುಳ್ಳು ಹೇಳಿದ್ದೇನೆ. ಅಲ್ಲಿಂದ ತಪ್ಪಿಸಿಕೊಂಡು ಬಂದು ಇಲ್ಲಿಯೂ ತಕ್ಕಡಿ, ಇಲ್ಲಿಯೂ ಹಸಿವೆ ಅಂದರೆ ಎಂತ ಬದಲಾಯಿತು?

— ನೀವು ಕೇಳುವುದರಲ್ಲಿ ತಪ್ಪಿಲ್ಲ. ಈ ಆಟದಲ್ಲೂ ಆ ಹುಚ್ಚು ಉಂಟು. ಕೆಳಗಿನ ವಿಭಾಗಕ್ಕೆ ಇಳಿಯಲಿಕ್ಕೆ ಎರಡು ದಿನ ನೀರು ಬಿಟ್ಟು, ಮೇ ತಿಂಗಳಲ್ಲಿ ಸ್ವೆಟರ್ ಹಾಕಿ ಓಡುವವರನ್ನು ನೋಡಿದ್ದೇನೆ. ನಾನೂ ಒಮ್ಮೆ 57ಕ್ಕೆ ಇಳಿಯಲಿಕ್ಕೆ ಹೊರಟಿದ್ದೆ. ತೂಕ ಇಳಿಯಿತು. ಆದರೆ ಬಾರ್ ಕೆಳಗೆ ನಿಂತಾಗ ಕಾಲು ನನ್ನದಲ್ಲ ಅನಿಸಿತು. ಮೂರು ಯತ್ನವೂ ಹೋಯಿತು, ಸ್ಪರ್ಧೆಯಿಂದಲೇ ಹೊರಗೆ. ಮತ್ತೆ ಆ ದಾರಿ ಹಿಡಿಯಲಿಲ್ಲ. ಇವತ್ತಿನದು ಹಸಿವೆ ಅಲ್ಲ ಮಾವ, ತಡವಾದ ತಿಂಡಿ. ಮುಂದಿನ ವರ್ಷ 69ಕ್ಕೆ ಏರುವ ಯೋಚನೆ ಉಂಟು.

— ತೂಕ ಹೆಚ್ಚು ಮಾಡ್ತೀಯಾ? ಬೇಕು ಅಂತಲೇ?

— ಬೇಕು ಅಂತಲೇ. ಒಬ್ಬರು ತರಬೇತುದಾರರು ಮೊದಲ ಸಲ ‘ಇನ್ನೂ ತಿನ್ನು, ದೊಡ್ಡವಳಾಗು’ ಅಂದಾಗ ನಾನು ಬಾತ್‌ರೂಮಿಗೆ ಹೋಗಿ ಅತ್ತಿದ್ದೆ. ಅಲ್ಲಿವರೆಗೆ ಅಂಥ ಮಾತು ಹೊರಗಿನ ಯಾರ ಬಾಯಲ್ಲೂ ಕೇಳಿದವಳಲ್ಲ. ನನ್ನ ಮುಂದಿನ ಹಲ್ಲು ಬಿದ್ದದ್ದು ನಿಮಗೆ ನೆನಪುಂಟಾ?

— ನೆನಪಿಲ್ಲದೆ? ಥಾಣೆಯ ಘೋಡ್‌ಬಂದರ್ ರಸ್ತೆಯ ಆಚೆ, ಆ ಬಂಗಲೆಯಲ್ಲಿ. ಬಿಸ್ಕೆಟ್ ಕಚ್ಚಿದೆ, ಹಲ್ಲು ಕೈಗೆ ಬಂತು.

— ಮನೆಯಲ್ಲಾದರೆ ಹಂಚಿನ ಮೇಲೆ ಎಸೆಯುವ, ಹೊಸ ಹಲ್ಲು ಬರಲಿ ಅಂತ ಹೇಳುವ ಸಂಗತಿ. ಅಲ್ಲಿ ಎಲ್ಲರ ಮುಖ ಬಾಡಿತು. ಅರ್ಧ ಎಪಿಸೋಡಿನಲ್ಲಿ ಹಲ್ಲು ಉಂಟು, ಅರ್ಧದಲ್ಲಿ ಇಲ್ಲ, ಕಂಟಿನ್ಯೂಟಿ ಹೋಯಿತು. ಎಂಟು ದಿನ ಬಾಯಿ ಮುಚ್ಚಿ ನಗು ಅಂದರು. ನಾನು ಎಂಟು ದಿನ ಹಾಗೇ ನಕ್ಕೆ. ಮೈ ಬೆಳೆಯುವುದು ಒಂದು ತಪ್ಪು ಅಂತ ನನಗೆ ಮೊದಲು ಗೊತ್ತಾದದ್ದು ಆ ಹಲ್ಲಿನಿಂದ. ಆಮೇಲೆ ಹನ್ನೆರಡಕ್ಕೆ ಎತ್ತರ ಹೆಚ್ಚಾಯಿತು, ‘ಬೇಬಿ ದೊಡ್ಡವಳಾದಳು’ ಅಂತ ಹೇಳಿ ಕರೆಯುವುದನ್ನೇ ನಿಲ್ಲಿಸಿದರು. ಯಾರೂ ಬೈಯಲಿಲ್ಲ. ಫೋನ್ ಬರಲಿಲ್ಲ, ಅಷ್ಟೇ.

— ನಿನ್ನ ಅಮ್ಮ ಆ ಫೋನಿಗಾಗಿ ಆರು ತಿಂಗಳು ಕಾದಳು.

— ನಾನೂ ಕಾದೆ. ನನಗೆ ನಟನೆ ಇಷ್ಟವೇ ಇತ್ತು ಮಾವ, ಅದನ್ನು ಮರೆಯಬಾರದು. ಲೈಟ್ ಬಿದ್ದ ಕೂಡಲೇ ಬೇರೆಯೇ ಒಂದು ಹುರುಪು ಬರ್ತಿತ್ತು. ಕಷ್ಟ ಆದದ್ದು ನಟನೆಯಿಂದ ಅಲ್ಲ.

— ದಿವಾ ಬಂತು. ಮೊದಲು ನಾವು ಫಾಸ್ಟ್ ಲೋಕಲಿನಲ್ಲಿ ಹೋಗ್ತಿದ್ದಾಗ ಇಲ್ಲಿಂದ ಮುಂದೆ ಪಾರಸಿಕ್ ಸುರಂಗ ಸಿಗ್ತಿತ್ತು. ಆ ಕತ್ತಲೆಯಲ್ಲಿ ನೀನು ಡೈಲಾಗ್ ಗಟ್ಟಿಯಾಗಿ ಹೇಳ್ತಿದ್ದೆ. ಬೆಳಕು ಬಂದ ಕೂಡಲೇ ಸುಮ್ಮನಾಗ್ತಿದ್ದೆ.

— ಕತ್ತಲೆಯಲ್ಲಿ ಯಾರೂ ನೋಡುವುದಿಲ್ಲ ಅಂತ.

— ಒಂದು ಮಾತು ಕೇಳ್ತೇನೆ, ಸಿಟ್ಟು ಮಾಡಬೇಡ. ನಿನ್ನ ಅಮ್ಮ ಕೇಳು ಅಂದಳು ಅಂತಲೇ ಇಟ್ಟುಕೋ. ಈ ಭಾರ ಎತ್ತುವುದನ್ನು ಇನ್ನು ಸಾಕು ಮಾಡಬಾರದಾ? ನಮ್ಮ ಅಪ್ಪು, ಪುನೀತ್ ರಾಜ್‌ಕುಮಾರ್, ಹೋದಾಗಿಂದ ನನ್ನ ಎದೆಯಲ್ಲಿ ಒಂದು ಮುಳ್ಳು ಕೂತಿದೆ. 2021ರ ಅಕ್ಟೋಬರ್ 29. ಬೆಳಿಗ್ಗೆ ವ್ಯಾಯಾಮ ಮಾಡಿದ ಮನುಷ್ಯ, ಮಧ್ಯಾಹ್ನಕ್ಕೆ ಇಲ್ಲ. 46 ವರ್ಷ. ಅದಾದ ಮೇಲೆ ಬೆಂಗಳೂರಿನಲ್ಲಿ ಜಯದೇವ ಆಸ್ಪತ್ರೆಯ ಮುಂದೆ ಹೃದಯ ತಪಾಸಣೆಗೆ ಜನ ಸಾಲು ನಿಂತರು. ಜಿಮ್ಮಿನ ಬಾಗಿಲು ಕಂಡರೆ ನನಗೆ ಈಗಲೂ ಭಯ.

— ಆ ದಿನ ನಾನು ಐರೋಲಿಯ ಆಫೀಸಿನ ಕೆಲಸ ಮನೆಯಿಂದ ಮಾಡ್ತಿದ್ದೆ. ಲ್ಯಾಪ್‌ಟಾಪ್ ಮುಚ್ಚಿ ಸುಮ್ಮನೆ ಗೋಡೆ ನೋಡಿಕೊಂಡು ಕೂತೆ. ನಮಗೆ ಆ ಸಾವು ಒಬ್ಬ ಸ್ಟಾರಿನದಲ್ಲ, ಮನೆಯ ಹುಡುಗನದು. ಆದರೆ ವ್ಯಾಯಾಮ ಮಾಡಿದ ದಿನ ಹೋದರು ಅಂತ ವ್ಯಾಯಾಮವೇ ಕೊಂದಿತು ಅಂತ ನಾನೂ ನೀವೂ ಲೋಕಲಿನಲ್ಲಿ ಕೂತು ತೀರ್ಪು ಕೊಡಬಾರದು. ನಾನು ವರ್ಷಕ್ಕೊಮ್ಮೆ ಇಸಿಜಿ, ಎಕೋ ಎರಡೂ ಮಾಡಿಸ್ತೇನೆ. ಮೈ ಸರಿ ಇಲ್ಲದ ದಿನ ಬಾರ್ ಮುಟ್ಟುವುದಿಲ್ಲ. ಅಪ್ಪಿತಪ್ಪಿಯೂ ಇಂಜೆಕ್ಷನ್, ಮಾತ್ರೆ ಇಲ್ಲ. ಅಮ್ಮನಿಗೆ ರಿಪೋರ್ಟ್ ಓದಿ ಹೇಳಿ.

— ಹೇಳ್ತೇನೆ. ಅವಳಿಗೆ ರಿಪೋರ್ಟಿನಿಂದ ಸಮಾಧಾನ ಆಗುವುದಿಲ್ಲ, ಆದರೂ ಹೇಳ್ತೇನೆ.

— ಅಪ್ಪು ಅಂದಿರಲ್ಲ, ನಾನು ಯೋಚಿಸುವುದು ಬೇರೆ. ಆರು ತಿಂಗಳ ಮಗುವಿನಿಂದ ತೆರೆಯ ಮೇಲೆ ಇದ್ದವರು ಅವರು. ಮಾಸ್ಟರ್ ಲೋಹಿತ್. ‘ಭಾಗ್ಯವಂತ’, ‘ಚಲಿಸುವ ಮೋಡಗಳು’, ಆಮೇಲೆ 1985ರ ‘ಬೆಟ್ಟದ ಹೂವು’, ಅದಕ್ಕೆ ರಾಷ್ಟ್ರ ಪ್ರಶಸ್ತಿ. 1989ರಲ್ಲಿ ‘ಪರಶುರಾಮ್’. ನಾಯಕನಾಗಿ ಬಂದದ್ದು 2002ರಲ್ಲಿ. ನಡುವೆ 13 ವರ್ಷ. ದನಿ ಒಡೆಯಲಿಕ್ಕೆ, ಮೀಸೆ ಬರಲಿಕ್ಕೆ, ಮುಖ ಬದಲಾಗಲಿಕ್ಕೆ ಆ ಹುಡುಗನಿಗೆ ಸಮಯ ಸಿಕ್ಕಿತು. ಆಮೇಲೆ ನಾಡು ‘ನಮ್ಮ ಲೋಹಿತ ಎಷ್ಟು ಬೆಳೆದ’ ಅಂತ ಕೈ ಚಾಚಿತು. ಎಷ್ಟು ಬಾಲನಟರಿಗೆ ಹಾಗೆ ಆಗ್ತದೆ? ಮಾಲ್ಗುಡಿಯ ಸ್ವಾಮಿ, ಮಾಸ್ಟರ್ ಮಂಜುನಾಥ್, ಓದಿಗಾಗಿ ನಟನೆಯನ್ನೇ ಬಿಟ್ಟರು. ಇಂದಿಗೂ ಜನ ಅವರ ಮುಖದಲ್ಲಿ ಆ ಹುಡುಗನನ್ನೇ ಹುಡುಕ್ತಾರೆ.

— ಕೆ.ವಿ. ಅಯ್ಯರ್ ಅವರ ‘ರೂಪದರ್ಶಿ’ ಓದಿದ್ದೀಯಾ? ರಾತ್ರಿಶಾಲೆಯಲ್ಲಿ ನಮ್ಮ ಮಾಸ್ತರರು ನನಗೆ ಕೊಟ್ಟ ಮೊದಲ ದಪ್ಪ ಪುಸ್ತಕ ಅದು.

— ಹೆಸರು ಕೇಳಿದ್ದೇನೆ. ಅಯ್ಯರ್ ಅಂದರೆ ವ್ಯಾಯಾಮದವರಲ್ಲವಾ?

— ಅವರೇ. ಬೆಂಗಳೂರಿನ ಜೆ.ಸಿ. ರಸ್ತೆಯಲ್ಲಿ ವ್ಯಾಯಾಮಶಾಲೆ ಇಟ್ಟವರು, ಅಂಚೆಯಲ್ಲಿ ದೇಹದಾರ್ಢ್ಯದ ಪಾಠ ಕಳಿಸಿದವರು. ಕೈಲಾಸಂ ಅವರಿಗೆ ಆಪ್ತರು. ‘ರವಿ ಕಲಾವಿದರು’ ಅಂತ ನಾಟಕದ ತಂಡವನ್ನೂ ಕಟ್ಟಿದರು. ಬಣ್ಣವೂ ಬಲವೂ ಒಂದೇ ಮನುಷ್ಯನಲ್ಲಿ. ‘ಶಾಂತಲಾ’ ಬರೆದದ್ದೂ ಅವರೇ. ‘ರೂಪದರ್ಶಿ’ಯಲ್ಲಿ ಮೈಕೆಲೆಂಜೆಲೊ ಬಾಲ ಯೇಸುವಿನ ಚಿತ್ರಕ್ಕೆ ಒಂದು ಸುಂದರ ಮಗುವನ್ನು ಹುಡುಕಿ ಕೂರಿಸ್ತಾನೆ. ಎಷ್ಟೋ ವರ್ಷದ ಮೇಲೆ ಜೂದಾಸನ ಮುಖಕ್ಕೆ ಒಬ್ಬ ಕೆಟ್ಟುಹೋದವನನ್ನು ಹುಡುಕ್ತಾನೆ. ಸಿಗ್ತಾನೆ. ಅವನೇ ಆ ಮಗು.

— ಅಯ್ಯೋ.

— ನಿನ್ನನ್ನು ಶೂಟಿಂಗಿಗೆ ಕರೆದುಕೊಂಡು ಹೋಗುವಾಗೆಲ್ಲ ಆ ಪುಸ್ತಕ ನೆನಪಾಗ್ತಿತ್ತು. ಚಿತ್ರ ಮುಗಿದ ಮೇಲೆ ಆ ಮಗುವನ್ನು ಮನೆಗೆ ಯಾರು ಬಿಟ್ಟರು? ಆಮೇಲೆ ಅವನು ಉಂಡನಾ, ಓದಿದನಾ ಅಂತ ಯಾರು ಕೇಳಿದರು? ನನಗೆ ಅದರಲ್ಲಿ ಉಳಿದದ್ದು ಆ ಪ್ರಶ್ನೆ. ಬರೆದವರು ಮೈಯ ಬೆಲೆ ಗೊತ್ತಿದ್ದ ಮನುಷ್ಯ, ಅದಕ್ಕೇ ಅಷ್ಟು ನೋವಾಗುವ ಹಾಗೆ ಬರೆದರು ಅಂತ ನನ್ನ ನಂಬಿಕೆ.

— ನೋಡಿ, ಅಯ್ಯರ್ ಅವರಿಗೆ ಮೈಯ ಅಂದ ಮುಖ್ಯ. ದೇಹದಾರ್ಢ್ಯ ಸ್ಪರ್ಧೆ ಅಂದರೆ ಇವತ್ತಿಗೂ ಅದೇ. ಎಣ್ಣೆ ಹಚ್ಚಿ, ಬೆಳಕಿನಲ್ಲಿ ನಿಂತು, ನಕ್ಕು ತೋರಿಸಬೇಕು. ನನ್ನನ್ನು ಮೊದಲು ಜಿಮ್ಮಿನಲ್ಲಿ ಅದಕ್ಕೇ ಸೇರಿಸಲಿಕ್ಕೆ ನೋಡಿದರು, ‘ನಿನಗೆ ಕ್ಯಾಮೆರಾ ಅಭ್ಯಾಸ ಉಂಟಲ್ಲ’ ಅಂತ. ಬೇಡ ಅಂದೆ. ಅದು ಕಡಿಮೆ ಅಂತ ಅಲ್ಲ, ಆ ಶ್ರಮ ನನಗೆ ಗೊತ್ತುಂಟು. ಆದರೆ ನಾನು ನೋಡಿಸಿಕೊಂಡದ್ದು ಸಾಕಾಗಿತ್ತು.

— ಹಾಗಾದರೆ ನಮ್ಮ ಕುಂದಾಪುರದ ಗುರುರಾಜ ಪೂಜಾರಿಯದ್ದು? ಗೋಲ್ಡ್‌ ಕೋಸ್ಟಿನಲ್ಲಿ 2018ರಲ್ಲಿ ಬೆಳ್ಳಿ ಗೆದ್ದನಲ್ಲ, 249 ಕಿಲೊ. ನಮ್ಮ ಹೊಟೇಲಿನಲ್ಲಿ ಅವತ್ತು ನಾನು ಗಲ್ಲೆಯಲ್ಲಿ ಕೂತು ಬಂದವರಿಗೆಲ್ಲ ಹೇಳಿದ್ದೆ.

— ಅದು ವೇಟ್‌ಲಿಫ್ಟಿಂಗ್. ತಲೆಯ ಮೇಲಕ್ಕೆ ಎತ್ತುವುದು, ಎರಡು ಬಗೆ. ಒಲಿಂಪಿಕ್ಸಿನಲ್ಲಿ ಇರುವುದು ಅದೇ. 2000ದಲ್ಲಿ ಸಿಡ್ನಿಯಲ್ಲಿ ಕರ್ಣಂ ಮಲ್ಲೇಶ್ವರಿ ಕಂಚು ಗೆದ್ದದ್ದು ಅದರಲ್ಲೇ, 240 ಕಿಲೊ. ಒಲಿಂಪಿಕ್ಸ್ ಪದಕ ತಂದ ನಮ್ಮ ದೇಶದ ಮೊದಲ ಹೆಂಗಸು. ನನ್ನದು ಪವರ್‌ಲಿಫ್ಟಿಂಗ್, ಮೂರು ಬಗೆ. ಹೆಗಲ ಮೇಲೆ ಹೊತ್ತು ಕೂತು ಏಳುವುದು ಸ್ಕ್ವಾಟ್, ಅಂಗಾತ ಮಲಗಿ ಎದೆಯಿಂದ ಮೇಲಕ್ಕೆ ಒತ್ತುವುದು ಬೆಂಚ್, ನೆಲದಿಂದ ಸೊಂಟದವರೆಗೆ ಎಳೆದು ನಿಲ್ಲುವುದು ಡೆಡ್‌ಲಿಫ್ಟ್. ಒಂದೊಂದಕ್ಕೆ ಮೂರು ಯತ್ನ. ಮೂರರಲ್ಲೂ ಒಳ್ಳೆಯದನ್ನು ಕೂಡಿಸ್ತಾರೆ. ನನ್ನ ಇಲ್ಲಿವರೆಗಿನ ಮೊತ್ತ 285. ಇವತ್ತು ಸ್ಕ್ವಾಟಿಗೆ 95ರಿಂದ ಸುರು ಮಾಡಿ 105ಕ್ಕೆ ಹೋಗ್ತೇನೆ.

— 105 ಅಂದರೆ ಎರಡು ಸಿಮೆಂಟ್ ಮೂಟೆಗಿಂತ ಹೆಚ್ಚು. ಹೊತ್ತು ಕೂರುವುದಾ!

— ಕೂತರೆ ಸಾಲದು. ಸೊಂಟದ ಮಡಿಕೆ ಮಂಡಿಯ ಮೇಲಂಚಿಗಿಂತ ಕೆಳಗೆ ಹೋಗಬೇಕು. ಮೂರು ಕಡೆ ಮೂರು ಜನ ರೆಫ್ರಿಗಳು ಕೂತಿರ್ತಾರೆ. ಬಿಳಿ ದೀಪ ಅಂದರೆ ಸರಿ, ಕೆಂಪು ಅಂದರೆ ತಪ್ಪು. ಎರಡು ಬಿಳಿ ಬಂದರೆ ಸಾಕು. ನನ್ನ ಮೊದಲ ಸ್ಪರ್ಧೆಯಲ್ಲಿ ಎರಡು ಕೆಂಪು ಬಂತು. ನಾನು ಕೆಳಗಿಳಿದು ಬಂದು ಕೇಳಿದೆ. ಒಬ್ಬ ರೆಫ್ರಿ ಕಾರ್ಡ್ ತೋರಿಸಿ ‘ಆಳ ಸಾಲಲಿಲ್ಲ, ಇಷ್ಟು ಕಡಿಮೆ’ ಅಂತ ಎರಡು ಬೆರಳಿನಲ್ಲಿ ಅಳತೆ ಮಾಡಿದರು. ಮುಂದಿನ ಯತ್ನದಲ್ಲಿ ಅಷ್ಟು ಕೆಳಗೆ ಹೋದೆ, ಮೂರೂ ಬಿಳಿ ಬಂತು. ಮಾವ, ಐದು ವರ್ಷದಲ್ಲಿ ನಾನು ಎಷ್ಟು ಆಡಿಷನ್ ಕೊಟ್ಟಿದ್ದೇನೆ?

— ಲೆಕ್ಕ ಇಟ್ಟವರು ಯಾರು!

— ಎಲ್ಲಾ ಕಡೆ ‘ಹೇಳಿ ಕಳಿಸ್ತೇವೆ’. ಯಾಕೆ ಬೇಡವಾದೆ ಅಂತ ಯಾರೂ ಒಮ್ಮೆಯೂ ಹೇಳಲಿಲ್ಲ. ಏಳು ವರ್ಷದ ಹುಡುಗಿ ಮನೆಗೆ ಬಂದು ಕನ್ನಡಿಯ ಮುಂದೆ ನಿಂತು ತಾನೇ ಕಾರಣ ಹುಡುಕಬೇಕು. ಮೂಗಾ? ಬಣ್ಣವಾ? ಮರಾಠಿಯಲ್ಲಿ ಕನ್ನಡದ ರಾಗ ಬಂತಾ? ಆ ರೆಫ್ರಿಯ ಎರಡು ಬೆರಳು ನನಗೆ ಕೊಟ್ಟಷ್ಟು ನೆಮ್ಮದಿಯನ್ನು ಯಾವ ಚಪ್ಪಾಳೆಯೂ ಕೊಡಲಿಲ್ಲ.

— ಥಾಣೆ ಬಂತು, ಏಳು. ಸೇತುವೆ ಹತ್ತಿ 9ನೇ ಪ್ಲಾಟ್‌ಫಾರ್ಮಿಗೆ ಹೋಗಬೇಕು. ಬ್ಯಾಗ್ ನಾನು ಹಿಡಿದಿದ್ದೇನೆ. ಬಿಡು ಅಂದರೆ ಬಿಡು.

— ನಿಧಾನ. ಮೆಟ್ಟಿಲು.

— ಪನ್ವೇಲ್ ಗಾಡಿ ಬೇಡ, ವಾಶಿಯದ್ದೇ ಉಂಟು. ಹತ್ತು… ಹಾಂ. ಈಗ ಕೂತು ಕೇಳು, ನನ್ನದೂ ಒಂದು ಉಂಟು. ನಾನು ಊರು ಬಿಟ್ಟು ಬಂದಾಗ ನನಗೆ 11. ಮುಂಬಯಿ ಕೋಟೆ ಭಾಗದ ಒಂದು ಹೊಟೇಲಿನಲ್ಲಿ ಮಾಣಿ. ಬೆಳಿಗ್ಗೆ ಐದರಿಂದ ಕಪ್ಪುಬಸಿ ತೊಳೆಯುವುದು. ಬೆರಳ ಸಂದು ಬಿಳಿಚಿಕೊಂಡು ಒಡೀತಿತ್ತು. ರಾತ್ರಿಶಾಲೆಯಲ್ಲಿ ಪೆನ್ಸಿಲ್ ಹಿಡಿದರೆ ಉರಿ. 2006ರ ಅಕ್ಟೋಬರ್ 10ರಿಂದ ಹೊಟೇಲು, ಢಾಬಾ, ಮನೆಗೆಲಸ, ಇಲ್ಲೆಲ್ಲ 14ರ ಒಳಗಿನ ಮಕ್ಕಳು ದುಡಿಯಬಾರದು ಅಂತ ಕಾನೂನು ಬಂತು. ಆ ಸುದ್ದಿಯನ್ನು ನಾನು ‘ಕರ್ನಾಟಕ ಮಲ್ಲ’ದಲ್ಲಿ ಓದಿದ್ದು ಎಲ್ಲಿ ಗೊತ್ತುಂಟಾ? ನಿನ್ನ ಸೆಟ್ಟಿನ ಹೊರಗೆ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತು. ಒಳಗೆ ನೀನು ಬೆಳಿಗ್ಗೆ ಏಳರಿಂದ ನಿಂತಿದ್ದೆ. ಆಗ ನಿನಗೆ 10. ನಮ್ಮಂಥ ಮಾಣಿಗಳು ಇನ್ನು ಇರಬಾರದು ಅಂತ ಖುಷಿಯಲ್ಲಿ ಓದಿದೆ, ಪೇಪರ್ ಮಡಚಿದೆ, ಆಮೇಲೆ ಬಾಗಿಲ ಕಡೆ ನೋಡಿದೆ.

— ನಾನು ಏಸಿಯಲ್ಲಿ ಇದ್ದೆ ಮಾವ. ಎರಡೂ ಒಂದೇ ಅಲ್ಲ.

— ಒಂದೇ ಅಂತ ನಾನೂ ಹೇಳುವುದಿಲ್ಲ. ನನಗೆ ಚಪ್ಪಾಳೆ ಇರಲಿಲ್ಲ. ಆದರೆ ನನ್ನ ಮೈ ನೋಡಿದರೆ ಯಾರಿಗೂ ಗೊತ್ತಾಗ್ತಿತ್ತು, ಈ ಮಾಣಿ ಕೆಲಸ ಮಾಡ್ತಿದ್ದಾನೆ ಅಂತ. ನಿನ್ನನ್ನು ನೋಡಿದವರು ‘ಎಷ್ಟು ಚಂದ ಆಡ್ತದೆ ಮಗು’ ಅಂದರು. ಆಟವೇ ಆಗಿದ್ದರೆ ಮಗುವಿಗೆ ‘ಸಾಕು’ ಅಂತ ಎದ್ದು ಹೋಗಲಿಕ್ಕೆ ಆಗಬೇಕಿತ್ತು.

— ಈಗ ನಿಯಮ ಉಂಟು. 2016ರಲ್ಲಿ ಕಾಯಿದೆ ತಿದ್ದಿದರು, 2017ರಲ್ಲಿ ನಿಯಮ ಬರೆದರು. ಮಕ್ಕಳನ್ನು ಸಿನಿಮಾ, ಧಾರಾವಾಹಿ, ಜಾಹೀರಾತಿಗೆ ತೆಗೆದುಕೊಳ್ಳುವವರು ಮೊದಲು ಜಿಲ್ಲಾಧಿಕಾರಿಯ ಅನುಮತಿ ಪಡೆಯಬೇಕು. ದಿನಕ್ಕೆ 5 ಗಂಟೆಗಿಂತ ಹೆಚ್ಚು ಇಲ್ಲ, ಬಿಡುವಿಲ್ಲದೆ 3 ಗಂಟೆಗಿಂತ ಹೆಚ್ಚು ಇಲ್ಲ, ಒಂದೇ ಸಮ 27 ದಿನಕ್ಕಿಂತ ಹೆಚ್ಚು ಇಲ್ಲ. ಶಾಲೆ ತಪ್ಪಬಾರದು. 5 ಮಕ್ಕಳಿಗೆ ಒಬ್ಬರಾದರೂ ಜವಾಬ್ದಾರರು ಬೇಕು. ಸಂಪಾದನೆಯಲ್ಲಿ ಕನಿಷ್ಠ 20 ಪರ್ಸೆಂಟ್ ಮಗುವಿನ ಹೆಸರಿನಲ್ಲಿ ಬ್ಯಾಂಕಿನಲ್ಲಿ ಠೇವಣಿ, ದೊಡ್ಡದಾದ ಮೇಲೆ ಅದರ ಕೈಗೆ. ಕಾಯಿದೆಯ ಆ ಕಲಮಿನಲ್ಲಿ ಮನರಂಜನೆಯ ಪಕ್ಕದಲ್ಲೇ ಕ್ರೀಡೆಯೂ ಉಂಟು, ಸರ್ಕಸ್ಸಿಗೆ ಮಾತ್ರ ಬಿಡಲಿಲ್ಲ. ಓದಿದಾಗ ನನ್ನ ಎರಡು ಜನ್ಮವನ್ನು ಒಂದೇ ಸಾಲಿನಲ್ಲಿ ಬರೆದ ಹಾಗೆ ಕಂಡಿತು.

— ಬರೆದದ್ದನ್ನು ನೋಡಿಕೊಳ್ಳುವವರು ಬೇಕಲ್ಲ. ಸೆಟ್ಟಿನಲ್ಲಿ ಗಡಿಯಾರ ಹಿಡಿದು ನಿಲ್ಲುವುದು ಯಾರು?

— ಅದು ಹೌದು. ಈ 20 ಪರ್ಸೆಂಟಿನ ಹಿಂದೆ ಒಂದು ಹಳೆಯ ಕಥೆ ಉಂಟು. ಚಾಪ್ಲಿನ್ ಜೊತೆ 1921ರಲ್ಲಿ ‘ದಿ ಕಿಡ್’ನಲ್ಲಿ ಆಡಿದ ಹುಡುಗ ಜ್ಯಾಕಿ ಕೂಗನ್. ಲಕ್ಷಗಟ್ಟಲೆ ಡಾಲರ್ ದುಡಿದ. ದೊಡ್ಡವನಾದ ಮೇಲೆ ಕೇಳಿದರೆ ಏನೂ ಉಳಿದಿಲ್ಲ. 1938ರಲ್ಲಿ ತಾಯಿ, ಮಲತಂದೆಯ ಮೇಲೆಯೇ ಕೋರ್ಟಿಗೆ ಹೋಗಬೇಕಾಯಿತು, ಸಿಕ್ಕಿದ್ದು 1,26,000 ಡಾಲರ್. ಮರುವರ್ಷ ಕ್ಯಾಲಿಫೋರ್ನಿಯಾದಲ್ಲಿ ಅವನ ಹೆಸರಿನಲ್ಲೇ ಕರೆಯುವ ಕಾನೂನು ಬಂತು. ಮಗುವಿನ ದುಡಿಮೆಯಲ್ಲಿ ಮಗುವಿಗೆ ಪಾಲುಂಟು ಅಂತ ಹೇಳಲಿಕ್ಕೆ ನಾವು ಇನ್ನೂ 78 ವರ್ಷ ತೆಗೆದುಕೊಂಡೆವು.

— ನಿನ್ನ ದುಡ್ಡು ಎಲ್ಲಿ ಹೋಯಿತು ಅಂತ ನೀನು ಯಾವತ್ತೂ ಕೇಳಲಿಲ್ಲ.

— ನನಗೆ ಗೊತ್ತುಂಟು. ಡೊಂಬಿವಲಿ ಪೂರ್ವದ ಆ ಒಂದು ರೂಮು, ಕಿಚನ್ನಿನ ಮುಂಗಡ ಅದು. ಆ ಮನೆಯಲ್ಲಿ ನಾನು ಮಲಗಿದ್ದೇನೆ, ತಮ್ಮ ಓದಿದ್ದಾನೆ. ಅಪ್ಪ ನುಂಗಿದರು ಅಂತ ನಾನು ಹೇಳಿದರೆ ನಾಲಿಗೆ ಬೀಳ್ತದೆ. ಆದರೆ ‘ಬೆಟ್ಟದ ಹೂವು’ ನೋಡಿದಾಗೆಲ್ಲ ನನಗೆ ಒಂದು ಕಡೆ ಗಂಟಲು ಕಟ್ತದೆ. ರಾಮು ಕಾಡು ಸುತ್ತಿ ಹೂ ತಂದು ಕೊಟ್ಟು ಕಾಸು ಕೂಡಿಸ್ತಾನೆ, ‘ರಾಮಾಯಣ ದರ್ಶನಂ’ ಕೊಳ್ಳಬೇಕು ಅಂತ. ಕೊನೆಗೆ ಪುಸ್ತಕ ಬಿಟ್ಟು ಮನೆಯವರಿಗೆ ಕಂಬಳಿ ಕೊಳ್ತಾನೆ. ಎಲ್ಲರೂ ಅವನ ತ್ಯಾಗ ನೋಡಿ ಅಳ್ತಾರೆ. ನನಗೆ ಅಳು ಬರುವುದು ಅಂಗಡಿಯಲ್ಲಿ ಕಾಸು ಅವನ ಮುಷ್ಟಿಯಲ್ಲೇ ಇರ್ತದಲ್ಲ, ಅದನ್ನು ನೋಡಿ. ಬಿಡುವುದೂ ಕೊಳ್ಳುವುದೂ ಅವನೇ. ನನ್ನನ್ನು ಕೇಳಿದ್ದರೆ ನಾನೂ ಮನೆಯೇ ಆಗಲಿ ಅನ್ನುತ್ತಿದ್ದೆ. ಕೇಳಬೇಕಿತ್ತು.

— …ಐರೋಲಿ ಬಂತು. ನಿನ್ನ ಆಫೀಸು.

— ಹೂಂ. ನಮ್ಮ ಬಿಲ್ಡಿಂಗಿನ ಮೂರನೇ ಮಾಳಿಗೆಯವರು ಮೊನ್ನೆ ಬಂದಿದ್ದರು. ಎಂಟು ವರ್ಷದ ಹುಡುಗನಿಗೆ ತರಬೇತಿ ಕೊಡಿ, ವಿಡಿಯೊ ಮಾಡಿ ಹಾಕ್ತೇವೆ, ಹೊಟ್ಟೆಯಲ್ಲಿ ಕಟ್ಟು ಕಾಣಬೇಕು ಅಂದರು.

— ಎಂಟಕ್ಕೆ!

— ರಿಚರ್ಡ್ ಸ್ಯಾಂಡ್ರಕ್ ಅಂತ ಒಬ್ಬ ಇದ್ದ. ಉಕ್ರೇನಿನಲ್ಲಿ ಹುಟ್ಟಿ ಅಮೆರಿಕದಲ್ಲಿ ಬೆಳೆದವನು. ಚಿಕ್ಕಂದಿನಲ್ಲೇ ಮೈಮೇಲೆ ದೊಡ್ಡವರ ಹಾಗೆ ಮಾಂಸಖಂಡ, ‘ಪುಟ್ಟ ಹರ್ಕ್ಯುಲಿಸ್’ ಅಂತ ಊರೂರು ತೋರಿಸಿದರು, ಅದೇ ಹೆಸರಿನ ಸಿನಿಮಾದಲ್ಲೂ ಆಡಿದ. ದೊಡ್ಡವನಾದ ಮೇಲೆ ಆ ದೇಹದಾರ್ಢ್ಯವನ್ನೇ ಬಿಟ್ಟುಬಿಟ್ಟ. ಅವನ ಕಥೆ ಹೇಳಿದೆ. ಪವರ್‌ಲಿಫ್ಟಿಂಗಿನಲ್ಲಿ ಸ್ಪರ್ಧೆಗೆ ಇಳಿಯಲಿಕ್ಕೇ 14 ವರ್ಷ ಆಗಬೇಕು ಅಂತ ಹೇಳಿದೆ. ಹುಡುಗ ಬರಲಿ, ಉಠಾಬೈಸ್ ಮಾಡಲಿ, ಓಡಲಿ, ನೇತಾಡಲಿ, ಕಲಿಸ್ತೇನೆ. ಕ್ಯಾಮೆರಾ ಮಾತ್ರ ಬಾಗಿಲ ಹೊರಗೆ ಅಂದೆ. ಮತ್ತೆ ಬರಲಿಲ್ಲ.

— ಸರಿ ಮಾಡಿದೆ. ಅದಿರಲಿ, ನೀನು ತೋರಿಸಿದ ವಿಡಿಯೊದಲ್ಲಿ ಭಾರ ಎತ್ತುವಾಗ ಹಿಂದೆಮುಂದೆ ನಾಲ್ಕೈದು ಜನ ಕೈ ಚಾಚಿಕೊಂಡು ನಿಂತಿದ್ದರಲ್ಲ, ಅವರು ಯಾರು? ನಾನು ಮೊದಲು ಅವರೇ ಎತ್ತಿ ಕೊಡ್ತಾರೆ ಅಂತ ತಿಳಿದಿದ್ದೆ.

— ಸ್ಪಾಟರ್‌ಗಳು. ಅವರು ಮುಟ್ಟುವ ಹಾಗಿಲ್ಲ. ಎತ್ತುವಾಗ ಅವರ ಕೈ ಬಾರಿಗೆ ತಾಗಿ ಸಹಾಯ ಆದರೆ ಆ ಯತ್ನ ಲೆಕ್ಕಕ್ಕಿಲ್ಲ. ಆದರೆ ನಾನು ಕುಸಿದರೆ ಕಣ್ಣು ಮಿಟುಕಿಸುವುದರೊಳಗೆ ಹಿಡಿಯಬೇಕು. ಕೈ ಬಾರಿನಿಂದ ನಾಲ್ಕು ಬೆರಳು ದೂರ, ನಾನು ಕೂತಾಗ ಅವರೂ ಬಗ್ಗಬೇಕು, ಎದ್ದಾಗ ಅವರೂ ಏಳಬೇಕು. ಯಾರ ಹೆಸರೂ ಫಲಿತಾಂಶದಲ್ಲಿ ಬರುವುದಿಲ್ಲ. ಹಿಂದೆ ಒಳ್ಳೆಯ ಸ್ಪಾಟರ್ ಇದ್ದರೆ ನಾನು ಇನ್ನೂ ಐದು ಕಿಲೊ ಹೆಚ್ಚು ಕೇಳ್ತೇನೆ.

— ಹಾಗಾ.

— ಎಂತ ಮಾವ, ಸುಮ್ಮನಾದಿರಿ?

— ಒಂದು ಸಂಗತಿ ನಾನು ನಿನಗೆ ಯಾವತ್ತೂ ಹೇಳಲಿಲ್ಲ. ನಿನಗೆ ಎಂಟು ವರ್ಷ. ಆಸ್ಪತ್ರೆಯ ಸೀನು, ನೀನು ಅಳಬೇಕು. ಗ್ಲಿಸರಿನ್ ಹಾಕಿದರು, ಕಣ್ಣು ಕೆಂಪಾಯಿತು, ಅಳು ಬರಲಿಲ್ಲ. ಆಗ ಒಬ್ಬ ಬಂದು ನನ್ನನ್ನು ‘ಸ್ವಲ್ಪ ಹೊರಗೆ ನಿಲ್ಲಿ’ ಅಂದ. ಆಮೇಲೆ ನಿನ್ನ ಹತ್ತಿರ ಹೋಗಿ, ನಿನ್ನ ಮಾಮಾ ಗಾಡಿ ಹತ್ತಿ ಹೋದ, ನಿನ್ನನ್ನು ಇಲ್ಲೇ ಬಿಟ್ಟು ಹೋದ ಅಂತ ಹೇಳಿದ. ನಾನು ಪ್ಲೈವುಡ್ ಗೋಡೆಯ ಹಿಂದೆಯೇ ನಿಂತಿದ್ದೆ. ನೀನು ಅತ್ತೆ. ಅದು ನಟನೆ ಅಲ್ಲ ಅಂತ ನನಗೆ ಗೊತ್ತಿತ್ತು. ಎರಡು ಟೇಕ್ ಆಗುವವರೆಗೆ ನಾನು ಕದಲಲಿಲ್ಲ. ಹೋಗಿ ಎತ್ತಿಕೊಂಡರೆ ಕೆಲಸ ಹೋಗ್ತದೆ, ನಿನ್ನ ಅಪ್ಪನಿಗೆ ಎಂತ ಹೇಳಲಿ ಅಂತ ಹೆದರಿದೆ. ಎಲ್ಲರೂ ಚಪ್ಪಾಳೆ ತಟ್ಟಿದರು. ಆಮೇಲೆ ನಾನು ಬಂದು ನಿನಗೆ ಚಿಕ್ಕಿ ಕೊಟ್ಟೆ. ಆ ಚಿಕ್ಕಿಯನ್ನು ನೀನು ತಿನ್ನಲಿಲ್ಲ.

— ಗೊತ್ತುಂಟು ಮಾವ.

— ಎಂತ ಗೊತ್ತುಂಟು?

— ಆ ಗೋಡೆ ನೆಲದವರೆಗೆ ಇರಲಿಲ್ಲ. ಕೆಳಗೆ ಒಂದು ಗೇಣು ಬಿಟ್ಟಿತ್ತು. ನಿಮ್ಮ ನೀಲಿ ಬಾರಿನ ಹವಾಯಿ ಚಪ್ಪಲಿ ಕಾಣ್ತಿತ್ತು. ನೀವು ಹೋಗಿದ್ದೀರಿ ಅಂತ ನಾನು ಅತ್ತದ್ದಲ್ಲ. ಅಲ್ಲೇ ಇದ್ದೀರಿ, ಬರ್ತಾ ಇಲ್ಲ ಅಂತ ಅತ್ತದ್ದು.

— …

— ಕಣ್ಣು ಒರೆಸಿಕೊಳ್ಳಿ. ಟವೆಲ್ ಬ್ಯಾಗಿನ ಮೇಲೆಯೇ ಉಂಟು.

— ಇಷ್ಟು ವರ್ಷ ನೀನು…

— ನಿಮ್ಮ ಮೇಲೆ ಸಿಟ್ಟಿದ್ದರೆ ಇವತ್ತು ನಿಮ್ಮನ್ನೇ ಕರೆಯುತ್ತಿದ್ದೆನಾ? ಅಪ್ಪ ಬರ್ತೇನೆ ಅಂದರು, ಅಮ್ಮ ಬರ್ತೇನೆ ಅಂದರು. ನಾನು ಮಾವ ಬರಲಿ ಅಂದೆ.

— ಕೋಪರ್ ಖೈರಣೆ ದಾಟಿತು. ಇನ್ನೆಷ್ಟು ಹೊತ್ತು?

— ತುರ್ಭೆ, ಸಾನ್‌ಪಾಡಾ, ಆಮೇಲೆ ವಾಶಿ. ಹತ್ತು ನಿಮಿಷ.

— ಅಲ್ಲಿ ನನ್ನನ್ನು ಒಳಗೆ ಬಿಡ್ತಾರಾ? ಕೋಚ್‌ಗಳಿಗೆ ಮಾತ್ರವಾ?

— ವೇದಿಕೆಯ ಹತ್ತಿರ ಕೋಚ್ ಮಾತ್ರ. ಆದರೆ ಎದುರಿಗೆ ಕುರ್ಚಿ ಹಾಕಿರ್ತಾರೆ. ನಡುವಿನ ರೆಫ್ರಿಯ ಹಿಂದೆ, ಎರಡನೇ ಸಾಲು. ಬಾರ್ ಹೊತ್ತು ನಿಂತಾಗ ನಾನು ನೋಡುವುದು ಅದೇ ಕಡೆಗೆ.

— ಅಲ್ಲಿ ಕೂರ್ತೇನೆ.

— ಕೂರಬೇಡಿ, ನಿಲ್ಲಿ. ಕೂತರೆ ಮುಂದಿನವರ ತಲೆಗೆ ಮರೆಯಾಗ್ತೀರಿ.

— ನಿಲ್ತೇನೆ. ಯಾರು ಹೊರಗೆ ಹೋಗಿ ಅಂದರೂ ಹೋಗುವುದಿಲ್ಲ, ಹೇಳಿದ್ದೇನೆ.

— ಯಾರೂ ಹೇಳುವುದಿಲ್ಲ ಮಾವ. ಏಳಿ, ಬಾಗಿಲ ಹತ್ತಿರ ಹೋಗುವ. ಬ್ಯಾಗ್ ಕೊಡಿ.

— ಬೇಡ. ನೀನು ಇಡ್ಲಿ ಡಬ್ಬಿ ಹಿಡಿ. ತೂಕ ಆದ ಕೂಡಲೇ ತಿನ್ನಬೇಕು, ನನ್ನ ಎದುರಿಗೇ.